ಹದಿನಾಲ್ಕು ತಿಂಗಳಾಯಿತು: ಬೆಳಕು ಕೊಡುವ, ಬಾಯಿ ಮುಚ್ಚದ ಹರಳು

ಮೊದಲೇ ಹೇಳಿಬಿಡುತ್ತೇನೆ, ಬೆಳಕಿನ ಬಗ್ಗೆ ನನ್ನ ತಕರಾರಿಲ್ಲ. ಕರೆಂಟು ಹೋದರೆ ಒಂದು ಕೋಣೆಗೆ ಸಾಕು. ಎಷ್ಟು ಹೊತ್ತು ಬಿಸಿಲಿಗಿಟ್ಟರೆ ಅಷ್ಟು ಹೊತ್ತು ಬೆಳಗುತ್ತದೆ, ಹೆಚ್ಚೆಂದರೆ ಎರಡು ತಾಸು. ಉಳಿದದ್ದು ಡಬ್ಬಿ ಮೇಲಿದೆ, ಓದಿಕೊಳ್ಳಿ. ಹೋದ ವರ್ಷ ಸಂಕ್ರಾಂತಿಗೆ ಸಿದ್ಧೇಶ್ವರ ಜಾತ್ರೆಯಲ್ಲಿ 1,800 ರೂಪಾಯಿ ಕೊಟ್ಟು ತಂದೆ. ಅಂಗಡಿಯವ ಹೇಳಿದ್ದು 2,500. ಹೇಳಿದ ರೇಟಿಗೇ ತಂದಿದ್ದರೆ ನಮ್ಮವ್ವ ಮನೆಯೊಳಗೆ ಬಿಡುತ್ತಿರಲಿಲ್ಲ.

ತಕರಾರು ಸದ್ದಿನದು. ಇದು ಬಿಸಿಲು ಕುಡಿಯುವಾಗ ಸುತ್ತಲಿನ ಸದ್ದನ್ನೂ ಕುಡಿಯುತ್ತದೆ, ರಾತ್ರಿ ಎರಡನ್ನೂ ಕೂಡಿಸಿಯೇ ಬಿಡುತ್ತದೆ. ಬೆಳಕು ಬೇಕು, ಸದ್ದು ಬೇಡ ಅಂದರೆ ಆಗುವುದಿಲ್ಲ. ಬಟ್ಟೆ ಮುಚ್ಚಿದರೆ ಎರಡೂ ಬಂದ್. ಕಲ್ಲು ಬೆಳಗುವುದು ನನಗೇನೂ ಹೊಸದಲ್ಲ, ಕತ್ತಲಲ್ಲಿ ಕಲ್ಲುಸಕ್ಕರೆ ಒಡೆದರೂ ಚೂರು ನೀಲಿ ಮಿಂಚು ಕಾಣುತ್ತದೆ, ಕೈಗಡಿಯಾರದ ಕ್ವಾರ್ಟ್ಜ್ ಹರಳು ಸೆಕೆಂಡಿಗೆ 32,768 ಸಲ ಅದುರುತ್ತದೆ. ಆದರೆ ಅವು ಯಾವೂ ಪಕ್ಕದ ಮನೆ ಸುದ್ದಿ ಹೇಳುವುದಿಲ್ಲ, ಅಲ್ವಾ?

"ಹಾಡು ಹಚ್ಚಿ ಬಿಸಿಲಿಗಿಡ್ರಿ ಸರ, ರಾತ್ರಿ ಹಾಡೂ ಬರ್ತದ, ಬೆಳಕೂ ಬರ್ತದ" ಅಂದಿದ್ದ ಅಂಗಡಿಯವ. ಕೊನೆಗೆ ಕೇಳಿದ್ದು ಮೊದಲು ಹೊರಗೆ ಬರುತ್ತದೆ ಅಂತ ಮಾತ್ರ ಹೇಳಲಿಲ್ಲ. ಮಾತು ಉಲ್ಟಾ ಆಗುವುದಿಲ್ಲ, ತುಂಡು ತುಂಡಾಗಿ ಹಿಂದಿನಿಂದ ಬರುತ್ತದೆ. ಭಜನೆ ಹಚ್ಚಿ ಇಟ್ಟರೆ ಮಂಗಳಾರತಿಯಿಂದ ಶುರುವಾಗಿ ಗಣಪತಿ ಸ್ತುತಿಗೆ ಮುಗಿಯಿತು. ಅವ್ವ ಎರಡು ದಿನ ಮುಖ ಊದಿಸಿಕೊಂಡಿದ್ದಳು.

ಆಗೆಲ್ಲ ಮಾಳಿಗೆ ಮೇಲೆ ಇಟ್ಟು ಸಂಜೆ ನಾನೇ ಹತ್ತಿ ಇಳಿಸಿ ತರುತ್ತಿದ್ದೆ. ಹಾಗಾಗಿ ರಾತ್ರಿ ಬಟ್ಟೆ ತೆಗೆದ ಕೂಡಲೇ ಮೊದಲು ನನ್ನ "ಶಿವ ಶಿವಾ", ಆಮೇಲೆ ನನ್ನದೇ ಏದುಸಿರು, ಆಮೇಲೆ ಮೆಟ್ಟಿಲ ಮೇಲೆ ನನ್ನದೇ ಚಪ್ಪಲಿ ಸದ್ದು. ಮಗಳಂತೂ "ಅಪ್ಪಾ, ನೀ ನಾಳಿಂದ ವಾಕಿಂಗ್ ಹೋಗು" ಅಂದಳು.

ಏಪ್ರಿಲ್‌ನಲ್ಲಿ ಒಂದು ಸಂಜೆ ಹಿಂದಿನ ಮನೆಯ ಗಂಡ ಹೆಂಡತಿ ನೀರಿನ ಮೋಟರಿನ ವಿಷಯಕ್ಕೆ ಜಗಳಾಡಿದ್ದರಂತೆ, ನನಗೆ ಗೊತ್ತೇ ಇಲ್ಲ. ರಾತ್ರಿ ಕರೆಂಟು ಹೋಯಿತು, ಸೆಕೆ ಅಂತ ಇಬ್ಬರೂ ನಮ್ಮ ಪಡಸಾಲೆಗೆ ಬಂದು ಕೂತರು. ಹರಳು ತೆಗೆದೆ. ನನ್ನ "ಶಿವ ಶಿವಾ" ಬಂತು, ಎಲ್ಲರೂ ನಕ್ಕರು. ಮರುಕ್ಷಣ ಆ ಯಮ್ಮನ ದನಿ: "ನಿಮ್ಮವ್ವ ಬಂದಾಗಿಂದ ಈ ಮನ್ಯಾಗ ಬಕೀಟೂ ಸಾಲೂದಿಲ್ಲ, ನೀರೂ ಸಾಲೂದಿಲ್ಲ!" ನನ್ನ ಹೆಂಡತಿ ಸೆರಗನ್ನೇ ಅದರ ಮೇಲೆ ಎಸೆದಳು. ಕತ್ತಲಲ್ಲಿ ಯಾರೂ ಮಾತಾಡಲಿಲ್ಲ. ಪಾಪ, ಚಹಾ ಕುಡಿದು ಎದ್ದು ಹೋದರು. ಆ ವರ್ಷ ನಾಗರಪಂಚಮಿ ಉಂಡಿ ಆ ಮನೆಯಿಂದ ಬರಲಿಲ್ಲ.

ಗೋಲಗುಮ್ಮಟಕ್ಕೆ ಒಯ್ದದ್ದು ನನ್ನದೇ ತಪ್ಪು. 1656ರ ಕಟ್ಟಡ, ಸುಮಾರು 38 ಮೀಟರ್ ಆಚೆ ಗೋಡೆಗೆ ಬಾಯಿಟ್ಟು ಪಿಸುಗುಟ್ಟಿದರೆ ಈಚೆ ಕೇಳುತ್ತದೆ, ಅದನ್ನು ಹಿಡಿಯೋಣ ಅಂತ ಆಸೆ. ಅಂದು ಶಾಲೆ ಟ್ರಿಪ್ಪಿನ ಹುಡುಗರು ತುಂಬಿದ್ದರು. ಒಬ್ಬ ಕೂಗಿದರೆ ಗುಮ್ಮಟ ಏಳು ಸಲ ಕೂಗುತ್ತದೆ. ಒಳಗೆ ಬಿಸಿಲೆಲ್ಲಿ? ರಾತ್ರಿ ಬೆಳಕು ಬೀಡಿ ತುದಿಯಷ್ಟು, ಕೂಗು ಮನೆ ತುಂಬ. ಅವತ್ತೇ ಅಟ್ಟಕ್ಕೆ ಎಸೆದೆ. ಒಂದೇ ಸ್ಟಾರ್ ಅಂತ ಬರೆಯಲು ಕೂತಿದ್ದೆ ಕೂಡ.

ಮಳೆಗಾಲದಲ್ಲಿ ಕರೆಂಟು ಜಾಸ್ತಿ ಹೋಗಲು ಶುರುವಾಯಿತು, ಮತ್ತೆ ಕೆಳಗಿಳಿಸಿದೆ. ಮಾಳಿಗೆ ಮೇಲೆ ಮಳೆ. ಸುಮ್ನೆ ಅಡುಗೆಮನೆಯ ಮೂಡಣ ಕಿಟಕಿಯಲ್ಲಿ ಇಟ್ಟೆ. ಬೆಳಗ್ಗೆ ಏಳರಿಂದ ಎಂಟರವರೆಗೆ ಅಲ್ಲಿ ಎಳೆ ಬಿಸಿಲು, ಅದೇ ಹೊತ್ತಿಗೆ ಅವ್ವ ರೊಟ್ಟಿ ಬಡಿಯುತ್ತಾಳೆ.

ಅವತ್ತು ರಾತ್ರಿ ಹಳದಿ ಬೆಳಕು ಬಂತು, ಟ್ಯೂಬ್‌ಲೈಟಿನ ಬಿಳಿ ಅಲ್ಲ. ಮೊದಲು ಹಂಚು ಕೆಳಗಿಟ್ಟ ಠಣ್ ಸದ್ದು. ಆಮೇಲೆ ಕೊನೆಯ ರೊಟ್ಟಿ, ಒದ್ದೆ ಬಟ್ಟೆಯಿಂದ ನೀರು ಸವರಿದಾಗ ಚುಂಯ್. ಆಮೇಲೆ ಬಡಿತ. ಹಿಟ್ಟು ದಪ್ಪಗಿದ್ದಾಗ ಧಪ್ ಧಪ್, ತೆಳ್ಳಗಾದಂತೆ ಪಟಪಟ, ನಡುವೆ ರೊಟ್ಟಿ ತಿರುಗಿಸುವಾಗ ಒಂದೇ ಒಂದು ಬಳೆ ಸದ್ದು. ಹನ್ನೆರಡು ರೊಟ್ಟಿ ಹಿಂದುಮುಂದಾಗಿ ಬಂದವು. ಬೆಳಕು ಆರುವ ಹೊತ್ತಿಗೆ ಅವ್ವ ಡಬ್ಬಿಯಿಂದ ಹಿಟ್ಟು ತೆಗೆಯುತ್ತಿದ್ದಳು. ಯಾರೂ ಮೊಬೈಲ್ ಟಾರ್ಚ್ ಹಚ್ಚಲಿಲ್ಲ. ಊಟ ಆಗಿತ್ತು, ಆದರೂ ಮಗಳು ಎದ್ದು ಹೋಗಿ ಕತ್ತಲಲ್ಲೇ ಶೇಂಗಾ ಚಟ್ನಿ ಡಬ್ಬಿ ತಡಕಾಡಿದಳು.

ಆಗಿನಿಂದ ಅದರ ಜಾಗ ಅದೇ. ಮೂರೂವರೆ ಸ್ಟಾರ್ ಕೊಡುತ್ತೇನೆ. ಬೀದಿ ಕಡೆ ಕಿಟಕಿ ಮಾತ್ರ ಇರುವವರು ಕೊಳ್ಳಬೇಡಿ, 1,800ಕ್ಕಿಂತ ಒಂದು ರೂಪಾಯಿ ಜಾಸ್ತಿಯೂ ಕೊಡಬೇಡಿ. ಒಂದು ಹೊಸ ತೊಂದರೆ ಅಂದರೆ, ಕೊನೆಯ ಮಾತು ಮೊದಲು ಬರುವುದು ಈಗ ನನ್ನ ಹೆಂಡತಿಗೂ ಗೊತ್ತಾಗಿದೆ. ದಿನಾ ಎಂಟಕ್ಕೆ ಹರಳು ಎತ್ತುವ ಮುಂಚೆ ಅದರ ಹತ್ತಿರ ಬಗ್ಗಿ ಏನೋ ಹೇಳುತ್ತಾಳೆ. ನಿನ್ನೆ ರಾತ್ರಿ ಕರೆಂಟು ಹೋಯಿತು, ಬಟ್ಟೆ ತೆಗೆದೆ, ಹಂಚಿಗಿಂತ ಮೊದಲು ಅವಳ ದನಿ: "ಗ್ಯಾಸ್ ಬುಕ್ ಮಾಡೀರೇನ್ರಿ?"

ಮಾಡಿರಲಿಲ್ಲ.