ಜಾತ್ರೆಯ ಸಪ್ಪಳ ಹಿಡಿಯಲು ಝೂಮ್ ಎಫ್3: ಗೇನ್ ಗುಂಡಿಯೇ ಇಲ್ಲದ ರೆಕಾರ್ಡರ್

ಕೊಪ್ಪಳದ ಗವಿಮಠದ ತೇರು ಎಳೆಯುವುದು ವರ್ಷಕ್ಕೊಮ್ಮೆ, ಪುಷ್ಯ ಬಹುಳ ಬಿದಿಗೆಯ ಸಂಜೆ. ತೇರು ಕದಲುವ ಗಳಿಗೆಯಲ್ಲಿ ಸೌಂಡ್ ಒಡೆದರೆ ಮುಂದಿನ ವರ್ಷದವರೆಗೆ ಕಾಯಬೇಕು. ಒಂದು ಕಡೆ ಕೈಮುಗಿದು ಪಿಸುಮಾತಿನಲ್ಲಿ ಹರಕೆ ಹೇಳಿಕೊಳ್ಳುವ ಅಜ್ಜಿ, ಮರುಕ್ಷಣವೇ ಲಕ್ಷಾಂತರ ಜನರ ‘ಹರಹರ ಮಹಾದೇವ’, ಜೊತೆಗೆ ಸಮಾಳ, ಡೊಳ್ಳು. ಸಾಮಾನ್ಯ 24 ಬಿಟ್ ರೆಕಾರ್ಡರ್‌ನಲ್ಲಿ ಅಜ್ಜಿಗೆ ಹೊಂದಿಸಿದ ಗೇನ್ (ಮೈಕಿನ ದನಿಯನ್ನು ಎಷ್ಟು ಹಿಗ್ಗಿಸಬೇಕೆಂಬ ಮಟ್ಟ) ತೇರಿಗೆ ಅತಿಯಾಗುತ್ತದೆ, ತೇರಿಗೆ ಹೊಂದಿಸಿದ್ದು ಅಜ್ಜಿಗೆ ಸಾಲುವುದಿಲ್ಲ. ಭಕ್ತಿಯ ಬಗ್ಗೆ ಸಾಕ್ಷ್ಯಚಿತ್ರ ಮಾಡುವವರಿಗೆ ಈ ಎರಡೂ ಬೇಕು.

ಝೂಮ್ ಕಂಪನಿಯ ಪುಟ್ಟ ರೆಕಾರ್ಡರ್ ಎಫ್3 ಈ ತಾಪತ್ರಯವನ್ನು ನಿಜಕ್ಕೂ ನೀಗಿಸುತ್ತದೆ. ಪ್ರತಿ ಚಾನೆಲ್‌ಗೆ ದನಿಯನ್ನು ಅಂಕಿಗಳಾಗಿಸುವ ಎರಡು ಕನ್ವರ್ಟರ್, ಜೊತೆಗೆ ಪಿಸುಮಾತನ್ನೂ ಅಬ್ಬರವನ್ನೂ ಒಂದೇ ಫೈಲಿನಲ್ಲಿ ಹಿಡಿಯುವ 32 ಬಿಟ್ ಫ್ಲೋಟ್ ರೆಕಾರ್ಡಿಂಗ್. ಡೊಳ್ಳಿನ ಫೈಲನ್ನು ರೀಪರ್ ಎಂಬ ಸೌಂಡ್ ಎಡಿಟಿಂಗ್ ಸಾಫ್ಟ್‌ವೇರ್‌ನಲ್ಲಿ ತೆರೆದಾಗ ಮೊದಲು ಅಲೆಯ ತಲೆ ಕತ್ತರಿಸಿದಂತೆ ಕಾಣಬಹುದು. ದನಿಯನ್ನು 12 ಡಿಬಿ (ಡೆಸಿಬೆಲ್) ಇಳಿಸಿ ನೋಡಿ: ಕೋಲಿನ ಏಟು ಬೇರೆ, ಬರಿಗೈ ಏಟು ಬೇರೆ, ಎರಡೂ ಇಡಿಯಾಗಿ ಎದ್ದು ಬರುತ್ತವೆ. ಅಂಗೈಯಲ್ಲಿ ಹಿಡಿಸುವ ಪೆಟ್ಟಿಗೆ, ಮೈಕ್ ಕೇಬಲ್‌ಗೆ ಎರಡು ಎಕ್ಸ್‌ಎಲ್‌ಆರ್ ಇನ್‌ಪುಟ್, ಎರಡು ಎಎ ಸೆಲ್, ಒಂದು ಮೈಕ್ರೋ ಎಸ್‌ಡಿ ಕಾರ್ಡ್. ಇಷ್ಟೇ ಸರಂಜಾಮು. ಒಳಗೆ ಮೈಕ್ ಇಲ್ಲ ಎಂಬುದನ್ನು ಕೊಳ್ಳುವ ಮೊದಲೇ ತಿಳಿದಿರಿ, ಅದರ ಖರ್ಚು ಬೇರೆ.

ಆದರೆ ರೆಕಾರ್ಡರ್‌ನಲ್ಲಿ ಸೌಂಡ್ ಒಡೆಯದಿದ್ದರೂ ಮೈಕಿನಲ್ಲಿಯೇ ಒಡೆಯಬಹುದು. ಮೈಕಿನೊಳಗೆ ದನಿ ಹಿಡಿಯುವ ಕ್ಯಾಪ್ಸೂಲೇ ಏಟು ತಾಳದೆ ಹೋದರೆ ಯಾವ ಫ್ಲೋಟೂ ಅದನ್ನು ಉಳಿಸಲಾರದು. ಹೊಸಬರು ಹೆಚ್ಚಾಗಿ ಎಡವುವುದು ಇಲ್ಲಿಯೇ. ಡೊಳ್ಳಿನ ಹತ್ತಿರಕ್ಕೆ ಎಸ್‌ಎಂ58ರಂಥ, ಜೋರು ಸಪ್ಪಳ ತಾಳುವ ಡೈನಾಮಿಕ್ ಮೈಕ್ ಇಡಿ. ಕಂಡೆನ್ಸರ್ ಶಾಟ್‌ಗನ್, ಅಂದರೆ ಮುಂದಿನ ದನಿಯನ್ನೇ ಹೆಚ್ಚು ಹಿಡಿಯುವ ಉದ್ದನೆಯ ನಾಜೂಕು ಮೈಕ್, ದೂರದಲ್ಲಿರಲಿ. ಗಾಳಿಯದೂ ಇದೇ ಕಥೆ. ಅಂಜನಾದ್ರಿ ಬೆಟ್ಟದ 575 ಮೆಟ್ಟಿಲು ಹತ್ತಿ ನಿಂತರೆ ಬರಿಯ ಫೋಮ್ ಕವರ್ ಯಾತಕ್ಕೂ ಸಾಲದು, ತುಪ್ಪಳದ ಡೆಡ್‌ಕ್ಯಾಟ್ ಹಾಕಲೇಬೇಕು. ಮೆನುವಿನಲ್ಲಿ ಲೋ ಕಟ್ (ತಗ್ಗಿನ ದನಿ ಸೋಸುವ ಫಿಲ್ಟರ್) 80 ಹರ್ಟ್ಸ್‌ಗೆ ಇಟ್ಟರೆ ಗುಡುಗುಡು ಕಡಿಮೆಯಾಗುತ್ತದೆ, ಡೊಳ್ಳಿಗೆ ಮಾತ್ರ ಅದನ್ನು ಆಫ್ ಮಾಡಿ, ಇಲ್ಲವಾದರೆ ಅದರ ಹೊಟ್ಟೆಯ ದನಿಯೇ ಹೋಗುತ್ತದೆ.

48 ಕಿಲೋಹರ್ಟ್ಸ್ ಸ್ಯಾಂಪಲ್ ದರದಲ್ಲಿ ಎರಡು ಚಾನೆಲ್‌ಗೆ ಗಂಟೆಗೆ ಸುಮಾರು 1.4 ಜಿಬಿ ತುಂಬುತ್ತದೆ. 44.1 ಮುಟ್ಟಬೇಡಿ, ವಿಡಿಯೋಗೆ 48 ಸರಿ. ಕಾರ್ಡನ್ನು ಲ್ಯಾಪ್‌ಟಾಪ್‌ನಲ್ಲಿ ಅಲ್ಲ, ಈ ಯಂತ್ರದಲ್ಲಿಯೇ ಫಾರ್ಮ್ಯಾಟ್ ಮಾಡಿ. ರೀಚಾರ್ಜ್ ಸೆಲ್ ಹಾಕಿದರೆ ಮೆನುವಿನಲ್ಲಿ ಸೆಲ್‌ನ ಬಗೆಯನ್ನೂ ಬದಲಿಸಬೇಕು, ಇಲ್ಲದಿದ್ದರೆ ಬ್ಯಾಟರಿ ಗುರುತು ಸುಳ್ಳು ಹೇಳುತ್ತದೆ. ಕಂಡೆನ್ಸರ್ ಮೈಕಿಗೆ ಕೇಬಲ್ ಮೂಲಕವೇ ಕೊಡುವ 48 ವೋಲ್ಟ್ ಫ್ಯಾಂಟಮ್ ವಿದ್ಯುತ್ ಆನ್ ಆಗಿದ್ದರೆ ಸೆಲ್ ಬೇಗ ಇಳಿಯುತ್ತದೆ. ಜಾತ್ರೆಯ ದಿನ ಯುಎಸ್‌ಬಿ-ಸಿ ಪವರ್ ಬ್ಯಾಂಕ್ ಸೊಂಟಕ್ಕಿರಲಿ. ನೂಕುನುಗ್ಗಲಿನಲ್ಲಿ ಮೊಣಕೈ ತಗುಲಿ ರೆಕಾರ್ಡಿಂಗ್ ನಿಲ್ಲದಂತೆ ಗುಂಡಿಗಳನ್ನು ಲಾಕ್ ಮಾಡುವ ಹೋಲ್ಡ್ ಹಾಕಿಯೇ ಇಡಿ.

ಕ್ಯಾಮೆರಾ ಚಿತ್ರಕ್ಕೂ ಈ ಸೌಂಡಿಗೂ ಸಮಯ ಹೊಂದಿಸುವ ಟೈಮ್‌ಕೋಡ್‌ಗೆ ಬೇರೆ ಬ್ಲೂಟೂತ್ ಅಡಾಪ್ಟರ್ ಬೇಕು. ಅದಿಲ್ಲದವರು ಕ್ಯಾಮೆರಾ ಮುಂದೆ ಚಪ್ಪಾಳೆ ತಟ್ಟಿದರೆ ಸಾಕು. ಆದರೆ ಅರ್ಧ ತಾಸಿಗೊಮ್ಮೆ ನಿಲ್ಲಿಸಿ ಮತ್ತೆ ತಟ್ಟಬೇಕು, ಯಾಕೆಂದರೆ ಎರಡು ಯಂತ್ರಗಳ ಗಡಿಯಾರ ನಿಧಾನವಾಗಿ ಸರಿದು ತುಟಿಗೂ ಮಾತಿಗೂ ತಾಳ ತಪ್ಪುತ್ತದೆ.

ಈ ಪೆಟ್ಟಿಗೆಯ ನಿಜವಾದ ಗುಣ ದಾಸೋಹದ ಅಡುಗೆಮನೆಯಲ್ಲಿ ತಿಳಿಯುತ್ತದೆ. ಗೇನ್ ತಿರುಗಿಸುತ್ತ ನಿಲ್ಲುವ ಕೆಲಸವಿಲ್ಲ, ಹೆಡ್‌ಫೋನ್ ಹಾಕಿ ಸುಮ್ಮನೆ ಕೂತರೆ ಸಾಕು. ಹಳ್ಳಿಗಳಿಂದ ಬಂದ ಜೋಳದ ರೊಟ್ಟಿಗಳನ್ನು ಒಂದರ ಮೇಲೊಂದು ಪೇರಿಸುವ ಒಣ ಸಪ್ಪಳ, ನಡುವೆ ಕೇಳುವ ‘ಉಣ್ರೀ ಯಪ್ಪಾ, ಇನ್ನೊಂದು ಹಾಕ್ಲೇನು?’ ಎಂಬ ದನಿ ಎರಡೂ ಸ್ವಚ್ಛವಾಗಿ ಸಿಗುತ್ತವೆ. ಯಂತ್ರ ಕಣ್ಣಿಗೆ ಬೀಳದಷ್ಟು ಚಿಕ್ಕದಾಗಿರುವುದರಿಂದ ಜನ ಬಿಗಿಯಾಗುವುದಿಲ್ಲ. ಹಾಗೆಂದು ಕೇಳದೆ ಹಿಡಿಯಬಾರದು. ಮಠದ ಕಚೇರಿಯಲ್ಲಿ ಮೊದಲೇ ಅನುಮತಿ ಪಡೆಯಿರಿ, ಹರಕೆಯ ಮಾತನ್ನು ಬಳಸುವ ಮುನ್ನ ಆಡಿದವರಿಗೇ ಒಮ್ಮೆ ಕೇಳಿಸಿ.

ರಾಯಚೂರಿನಿಂದ ಮಂತ್ರಾಲಯಕ್ಕೆ ನಡೆಯುವ ಮೂರು ನಾಲ್ಕು ಜನರಿಗೆ ಬೇರೆ ಬೇರೆ ಕಾಲರ್ ಮೈಕ್ ಹಾಕುವ ಯೋಚನೆಯಿದ್ದರೆ ಇದರ ಎರಡು ಚಾನೆಲ್ ಸಾಲದು, ಝೂಮ್‌ನದೇ ಆರು ಇನ್‌ಪುಟ್‌ನ ಎಫ್6 ನೋಡಿ. ಒಬ್ಬರೋ ಇಬ್ಬರೋ ಹೋಗಿ ಹುಲಿಗಿಯ ಹುಲಿಗೆಮ್ಮನ ಗುಡಿಯ ಹುಣ್ಣಿಮೆಯನ್ನು ರೆಕಾರ್ಡ್ ಮಾಡಿಕೊಂಡು ಬರುವ ತಂಡಕ್ಕೆ ಎಫ್3ಯೇ ಸರಿ.