ಹಾಸು ಒಂದೇ, ಲೋಕ ಹಲವು: ಒಂದು ಕಥೆಯಾಟದ ಪೆಟ್ಟಿಗೆಯ ವಿಮರ್ಶೆ

ಕಳೆದ ಮಳೆಗಾಲದಲ್ಲಿ ಧಾರವಾಡದ ಪುಸ್ತಕದಂಗಡಿಯೊಂದರಲ್ಲಿ ಕೊಂಡ ಈ ಕಥೆಯಾಟದ ಪೆಟ್ಟಿಗೆಯನ್ನು ಹುಬ್ಬಳ್ಳಿಯ ನಮ್ಮ ಮನೆಯಲ್ಲಿ ನಾಲ್ವರು ಕೂತು ಐದು ಭಾನುವಾರ ಆಡಿದ್ದೇವೆ. ಪೆಟ್ಟಿಗೆಯಲ್ಲಿ ನಿಯಮಗಳ ಕೈಪಿಡಿ, ರಟ್ಟಿನ ಚೀಟಿಗಳು, ಎರಡು ದಾಳ, ಬಟ್ಟೆಯ ಮೇಲೆ ಅಚ್ಚು ಹಾಕಿದ ಒಂದು ನಕ್ಷೆ ಮತ್ತು ಕೆಂಪು ನೂಲಿನ ಒಂದು ಉಂಡೆ ಇವೆ. 1974ರಲ್ಲಿ ಅಮೆರಿಕದಲ್ಲಿ ಡಂಜನ್ಸ್ ಆ್ಯಂಡ್ ಡ್ರ್ಯಾಗನ್ಸ್ ಬಂದಂದಿನಿಂದ ಇಂಥ ಆಟಗಳಲ್ಲಿ ಒಬ್ಬರು ಕಥೆಯನ್ನು ನಡೆಸುವುದು, ಉಳಿದವರು ಪಾತ್ರಗಳಾಗಿ ಅದರೊಳಗೆ ಬದುಕುವುದು ರೂಢಿಯಾಗಿದೆ. ಇಲ್ಲಿಯೂ ಕ್ರಮ ಅದೇ. ಆದರೆ ಈ ಆಟ ನನ್ನನ್ನು ಹಿಡಿದು ಕೂರಿಸಿದ್ದು ಅದು ಕಟ್ಟಿಕೊಂಡಿರುವ ಹಲವು ಲೋಕಗಳ ಬಹುವಿಶ್ವದಿಂದ, ಅಂದರೆ ಯಾವುದು ಎಷ್ಟು ನಿಜ ಎಂಬುದಕ್ಕೆ ಅದು ಕೊಡುವ ಲೆಕ್ಕದಿಂದ.

ಕೈಪಿಡಿ ತನ್ನ ಲೋಕಗಳನ್ನು ಗದಗ-ಬೆಟಗೇರಿಯ ಕೈಮಗ್ಗದ ಭಾಷೆಯಲ್ಲಿ ವಿವರಿಸುತ್ತದೆ. ಮಗ್ಗದಲ್ಲಿ ಉದ್ದಕ್ಕೆ ಬಿಗಿದ ಎಳೆಗಳು ಹಾಸು, ಅವುಗಳ ನಡುವೆ ಅಡ್ಡಕ್ಕೆ ನೇಯುವ ಎಳೆಗಳು ಹೊಕ್ಕು. ಎಲ್ಲ ಲೋಕಗಳಿಗೂ ಹಾಸು ಒಂದೇ, ಹೊಕ್ಕು ಮಾತ್ರ ಬೇರೆ ಬೇರೆ. ಹುಬ್ಬಳ್ಳಿಯ ಉಣಕಲ್ ಕೆರೆ ಹಾಸಿನ ಎಳೆಯಾದ್ದರಿಂದ ಅದು ಪ್ರತಿ ಲೋಕದಲ್ಲೂ ಇರಲೇಬೇಕು. ಒಂದರಲ್ಲಿ ತುಂಬಿ ಕೋಡಿ ಹರಿಯುತ್ತಿರುತ್ತದೆ, ಇನ್ನೊಂದರಲ್ಲಿ ಬತ್ತಿ ದನ ಮೇಯುವ ಬಯಲಾಗಿರುತ್ತದೆ, ಮತ್ತೊಂದರಲ್ಲಿ ಹಿರಿಯರ ಬಾಯಲ್ಲಿ ಉಳಿದ ಬರೀ ಹೆಸರಾಗಿರುತ್ತದೆ. ಹೊಕ್ಕಿನ ಎಳೆ ಕಡಿದರೆ ನಷ್ಟ ಆ ಒಂದು ಲೋಕಕ್ಕೆ, ಹಾಸಿನ ಎಳೆ ಕಡಿದರೆ ಎಲ್ಲ ಲೋಕಗಳಿಗೂ. ಅಮೆರಿಕದ ಭೌತವಿಜ್ಞಾನಿ ಹ್ಯೂ ಎವರೆಟ್ 1957ರಲ್ಲಿ ಮಂಡಿಸಿದ, ವಿಶ್ವ ಕವಲೊಡೆಯುತ್ತ ಹೋಗುತ್ತದೆಂಬ ಭೌತಶಾಸ್ತ್ರದ ವಿಚಾರದಿಂದ ಹುಟ್ಟಿದ ಕಥೆಗಳಲ್ಲಿ ಸಾಮಾನ್ಯವಾಗಿ ಸಾಧ್ಯವಿರುವುದೆಲ್ಲವೂ ಯಾವುದಾದರೊಂದು ಕವಲಿನಲ್ಲಿ ನಡೆದೇ ತೀರುತ್ತದೆ, ಕವಲುಗಳು ಒಂದನ್ನೊಂದು ಮುಟ್ಟುವುದೂ ಇಲ್ಲ. ಭೌತಶಾಸ್ತ್ರದಲ್ಲಿ ಅದಕ್ಕೆ ಅದರದೇ ಕಾರಣಗಳಿವೆ. ಕಥೆಯಲ್ಲಿ ಮಾತ್ರ, ನಾನು ಕೈಬಿಟ್ಟಿದ್ದನ್ನು ಇನ್ನೊಬ್ಬ ನಾನು ಎಲ್ಲೋ ಹಿಡಿದುಕೊಂಡಿದ್ದಾನೆ ಎಂದಾದರೆ ಆಯ್ಕೆಗೆ ತೂಕವೇ ಉಳಿಯುವುದಿಲ್ಲ. ಒಂದೇ ಹಾಸು ಎಂಬ ಕಲ್ಪನೆ ಆ ತೂಕವನ್ನು ಮರಳಿ ತರುತ್ತದೆ.

ಲೋಕಗಳಿಗೆ ನಾಲ್ಕು ಸ್ಥಿತಿಗಳಿವೆ: ಗಟ್ಟಿ, ತೋರಿಕೆ, ಕನಸು ಮತ್ತು ಬಯಲು. ಅದ್ವೈತದಲ್ಲಿ ಹೇಳುವ ಪಾರಮಾರ್ಥಿಕ (ಎಂದೂ ಅಳಿಯದ ನಿಜ), ವ್ಯಾವಹಾರಿಕ (ದಿನಬಳಕೆಯ ನಿಜ), ಪ್ರಾತಿಭಾಸಿಕ (ಭ್ರಮೆಯಲ್ಲಷ್ಟೇ ಕಾಣುವ ನಿಜ) ಎಂಬ ಮೂರು ಸತ್ತೆಗಳ, ಅಂದರೆ ಇರವಿನ ಮಟ್ಟಗಳ, ನೆರಳು ಇದರ ಮೇಲಿರುವುದು ಸ್ಪಷ್ಟ, ಸಿದ್ಧಾರೂಢ ಮಠದ ಪ್ರವಚನಗಳಲ್ಲಿ ಹಗ್ಗ-ಹಾವಿನ ದೃಷ್ಟಾಂತ ಕೇಳಿ ಬೆಳೆದ ಹುಬ್ಬಳ್ಳಿಯವರಿಗೆ ಇದು ಹೊಸದೂ ಅಲ್ಲ. ಮಬ್ಬಿನಲ್ಲಿ ಹಾವಾಗಿ ಕಂಡದ್ದು ಹಗ್ಗವೆಂದು ತಿಳಿದ ಕ್ಷಣ ಹಾವು ಬಾಧಿತವಾಗುತ್ತದೆ, ಅಂದರೆ ಅದು ಸತ್ತುಹೋಗುವುದಲ್ಲ, ಎಂದೂ ಇರಲೇ ಇಲ್ಲವೆಂದಾಗುತ್ತದೆ. ಆಟದ ಅತ್ಯುತ್ತಮ ನಿಯಮ ಹುಟ್ಟುವುದು ಇಲ್ಲೇ. ತಾವಿರುವ ಲೋಕ ಕನಸೆಂದು ಪಾತ್ರಗಳು ಕಥೆಯೊಳಗೇ ಸಾಬೀತು ಮಾಡಿದರೆ ಆ ಲೋಕದ ಚೀಟಿಯನ್ನು ಮಗುಚಿ ಹಾಕಬೇಕು, ಅದರಲ್ಲಿ ಗಳಿಸಿದ ವಸ್ತುಗಳೆಲ್ಲ ಹೋಗುತ್ತವೆ, ಆದರೆ ಅಲ್ಲಿ ಪಟ್ಟ ಒಂದು ಭಯವನ್ನೋ ಪ್ರೀತಿಯನ್ನೋ ಕೆಂಪು ನೂಲಿನ ಗಂಟಾಗಿ ನಕ್ಷೆಯ ಅಂಚಿಗೆ ಕಟ್ಟಿ ಮುಂದಿನ ಲೋಕಕ್ಕೆ ಒಯ್ಯಲೇಬೇಕು.

ಮೂರನೆಯ ಭಾನುವಾರ ನನ್ನ ಅಕ್ಕನ ಮಗಳು ನೇಕಾರ್ತಿಯ ಪಾತ್ರ ವಹಿಸಿದ್ದಳು. ಆ ನೇಕಾರ್ತಿಯ ಸತ್ತುಹೋಗಿದ್ದ ತಮ್ಮ ಬದುಕಿರುವ ಲೋಕವೊಂದು ಅವಳಿಗೆ ಸಿಕ್ಕಿತ್ತು. ಅಲ್ಲಿ ಮಗ್ಗದ ಲಾಳಿ ಸದ್ದಿಲ್ಲದೆ ಓಡುತ್ತದೆ ಎಂಬುದನ್ನು ಮೊದಲು ಗಮನಿಸಿದವಳೂ ಅವಳೇ, ಹಾಗಾಗಿ ಅದು ಕನಸೆಂದು ಸಾಬೀತು ಮಾಡಬೇಕಾದವಳೂ ಅವಳೇ ಆದಳು. ಚೀಟಿಯನ್ನು ಹೆಬ್ಬೆರಳಿನಡಿ ಒತ್ತಿ ಹಿಡಿದು ಬಹಳ ಹೊತ್ತು ಕೂತಳು. ಮಗುಚಿದಾಗ ಕಂಡದ್ದು ಹೊಕ್ಕಿಲ್ಲದ ಬರೀ ಹಾಸಿನ ಚಿತ್ರ, ಉದ್ದುದ್ದ ಬಿಳಿ ಗೆರೆಗಳು. “ಮಾಮಾ, ಹಗ್ಗ ಅಂತ ಗೊತ್ತಾದ ಮ್ಯಾಲೂ ಎದಿ ಬಡಕೋತನ ಇರತೈತಲ್ಲ, ಅದು ಸುಳ್ಳೇನು?” ಎಂದಳು. ಹಾವು ಸುಳ್ಳಾದರೂ ಬೆವರು ಸುಳ್ಳಲ್ಲ ಎಂಬ ಈ ಪ್ರಶ್ನೆಯನ್ನು ಹದಿನಾರರ ಹುಡುಗಿ ತಾನಾಗಿ ಕೇಳುವಂತೆ ಮಾಡಿದ ನಿಯಮವನ್ನು ನಾನು ಮನಸಾರೆ ಮೆಚ್ಚುತ್ತೇನೆ.

ಇಷ್ಟು ಸೂಕ್ಷ್ಮವಾಗಿ ಯೋಚಿಸಿದವರು ನಾಲ್ಕನೆಯ ಸ್ಥಿತಿಯಲ್ಲಿ ಎಡವಿರುವುದು ನನಗೆ ನಿಜಕ್ಕೂ ನೋವು ತಂದಿತು. ಕೈಪಿಡಿಯ ಕೊನೆಯ ಅಧ್ಯಾಯದಲ್ಲಿ ಬಯಲಿಗೆ ಒಂದು ಬಾಗಿಲಿದೆ, ಬಾಗಿಲಿಗೆ ಕಾವಲುಗಾರನಿದ್ದಾನೆ, ಎರಡು ದಾಳಗಳಲ್ಲಿ ಹನ್ನೊಂದು ಬಿದ್ದರೆ ಒಳಗೆ ಬಿಡುತ್ತಾನೆ. ಅಲ್ಲಮಪ್ರಭುವಿನ ವಚನಗಳಲ್ಲಿ ಬಯಲು ಎಂಬ ಮಾತಿಗೆ ಒದಗಿದ, ಆಕಾರವೂ ಎಲ್ಲೆಯೂ ಇಲ್ಲದ ಶೂನ್ಯವೆಂಬ ಅರ್ಥವನ್ನು ಬಲ್ಲ ಕನ್ನಡಿಗನಿಗೆ ಬಯಲಿಗೊಂದು ಬಾಗಿಲು ಎಂಬುದೇ ಒಪ್ಪತಕ್ಕದ್ದಲ್ಲ. 12 ಮಂತ್ರಗಳ ಮಾಂಡೂಕ್ಯ ಉಪನಿಷತ್ತು ಕೂಡ ಎಚ್ಚರ, ಕನಸು, ನಿದ್ರೆಗಳನ್ನು ವರ್ಣಿಸಿ ನಾಲ್ಕನೆಯದಕ್ಕೆ ಬಂದಾಗ ಅದು ಇದಲ್ಲ, ಅದೂ ಅಲ್ಲ ಎನ್ನುತ್ತ ಸಾಗುತ್ತದೆ. ಅದನ್ನು ಹೋಗಿ ಸೇರುವ ಊರನ್ನಾಗಿ ಮಾಡುವುದಿಲ್ಲ. ಬಯಲು ಐದನೆಯದೋ ಆರನೆಯದೋ ಲೋಕವಾದರೆ ಅದೂ ಹಾಸಿನ ಮೇಲೆ ನೇಯ್ದದ್ದೇ ಆಗಬೇಕು, ಆಗ ಹಾಸು ಯಾವುದರ ಮೇಲೆ ನಿಂತಿದೆ ಎಂಬ ಪ್ರಶ್ನೆಗೆ ಕೈಪಿಡಿಯಲ್ಲಿ ಉತ್ತರವಿಲ್ಲ.

ವಸ್ತುವಿನ ಗುಣಮಟ್ಟದ ಬಗ್ಗೆ ಹೆಚ್ಚು ಹೇಳುವುದಿಲ್ಲ. ನಕ್ಷೆಯ ಬಟ್ಟೆ ಗಟ್ಟಿಯಾಗಿದೆ, ಗಂಟು ಕಟ್ಟಿ ಬಿಚ್ಚಿದರೂ ಅಂಚು ಹರಿಯಲಿಲ್ಲ. ಚೀಟಿಗಳ ಬಣ್ಣ ಒದ್ದೆ ಕೈಗೆ ಹತ್ತುತ್ತದೆ, ಆದ್ದರಿಂದ ಚಹಾ ಕುಡಿಯುತ್ತ ಆಡುವವರು ಎಚ್ಚರದಿಂದಿರಬೇಕು. ಕೈಪಿಡಿ ಆರು ಜನ ಆಡಬಹುದೆಂದು ಹೇಳಿದರೂ ನಾಲ್ವರಿಗಿಂತ ಹೆಚ್ಚಾದರೆ ಕನಸಿನ ಲೋಕಗಳಲ್ಲಿ ಒಬ್ಬೊಬ್ಬರ ಸರದಿಗೆ ಅರ್ಧ ತಾಸು ಕಾಯಬೇಕಾಗುತ್ತದೆ. ಮೊದಲ ಸಲ ಆಡುವವರು ಕೈಪಿಡಿಯ ಪೀಠಿಕೆಯನ್ನು ಬಿಟ್ಟು ನೇರವಾಗಿ ಮಗ್ಗದ ಅಧ್ಯಾಯದಿಂದ ಶುರು ಮಾಡುವುದು ಒಳ್ಳೆಯದು. ನಾವಂತೂ ಕಾವಲುಗಾರನ ಚೀಟಿಯನ್ನು ಪೆಟ್ಟಿಗೆಯಲ್ಲೇ ಬಿಟ್ಟು ಆಡುತ್ತೇವೆ. ಪಾತ್ರವೊಂದು ತನ್ನ ಗಂಟುಗಳನ್ನೆಲ್ಲ ಬಿಚ್ಚಿಕೊಂಡ ದಿನ ಅದರ ಕಥೆಯನ್ನು ಅಲ್ಲಿಗೇ ನಿಲ್ಲಿಸಿ, ಅದು ಎಲ್ಲಿಗೆ ಹೋಯಿತೆಂದು ಯಾರೂ ಹೇಳಬಾರದೆಂಬ ನಿಯಮ ಮಾಡಿಕೊಂಡಿದ್ದೇವೆ.