ಕ್ವೀನ್ ತಂಡದ ‘ಹಾಟ್ ಸ್ಪೇಸ್’ ಹೈ-ರೆಸ್ ರೀಮಾಸ್ಟರ್: ಬೇಸ್‌ಗೆ ಜೀವ ಬಂದಿದೆ

1982ರಲ್ಲಿ ಬ್ರಿಟಿಷ್ ರಾಕ್ ತಂಡ ಕ್ವೀನ್‌ನ ಈ ಆಲ್ಬಮ್ ಬಂದಾಗ ರಾಕ್ ಅಭಿಮಾನಿಗಳು ಮುಖ ತಿರುಗಿಸಿದ್ದರು. ಗಿಟಾರ್ ಎಲ್ಲಿ ಹೋಯ್ತು ಅನ್ನೋದೇ ಅವರ ದೂರು. ತಂಡದ 1980ರ ಹಾಡು ‘ಅನದರ್ ಒನ್ ಬೈಟ್ಸ್ ದ ಡಸ್ಟ್’ ಅಷ್ಟು ದೊಡ್ಡ ಹಿಟ್ ಆಯ್ತಲ್ವಾ, ಅದೇ ದಾರಿ ಹಿಡಿದು ಫಂಕ್, ಡಿಸ್ಕೊ ಕಡೆ ಹೊರಳಿದ ಆಲ್ಬಮ್ ಇದು. ನನಗೆ ಮೊದಲಿನಿಂದಲೂ ಇಷ್ಟ. ಆದರೆ ನನ್ನ ಹಳೇ ಸಿಡಿಯಲ್ಲಿ ಬೇಸ್, ಅಂದರೆ ತಗ್ಗಿನ ಸ್ವರ, ತೀರಾ ತೆಳು.

ಮಾಸ್ಟರಿಂಗ್ ಎಂಜಿನಿಯರ್ ಬಾಬ್ ಲುಡ್ವಿಗ್ 2011ರಲ್ಲಿ ಮಾಡಿದ ರೀಮಾಸ್ಟರ್‌ನ (ಹಳೇ ಧ್ವನಿಮುದ್ರಣದ ಸದ್ದನ್ನು ಹೊಸದಾಗಿ ಹದಗೊಳಿಸಿದ ಆವೃತ್ತಿ) ಹೈ-ರೆಸ್ ಫೈಲನ್ನು, ಅಂದರೆ ಸಿಡಿಗಿಂತ ಹೆಚ್ಚು ವಿವರ ಹಿಡಿಯುವ 24 ಬಿಟ್, 96 ಕಿಲೋಹರ್ಟ್ಸ್ ಫೈಲನ್ನು, ಒಂದು ವಾರದಿಂದ ಕೇಳುತ್ತಿದ್ದೇನೆ. ಮೊದಲ ಹಾಡು ‘ಸ್ಟೇಯಿಂಗ್ ಪವರ್’ ಶುರುವಾದ ಕೂಡಲೇ ವ್ಯತ್ಯಾಸ ಗೊತ್ತಾಗುತ್ತದೆ. ಇಲ್ಲಿ ಬೇಸ್ ಗಿಟಾರ್ ಇಲ್ಲ, ಗಾಯಕ ಫ್ರೆಡ್ಡಿ ಮರ್ಕ್ಯುರಿ ಸಿಂಥ್‌ನಲ್ಲೇ (ಎಲೆಕ್ಟ್ರಾನಿಕ್ ಕೀಬೋರ್ಡ್) ಬೇಸ್ ನುಡಿಸಿದ್ದಾರೆ, ಅದು ಈಗ ಎದೆಗೆ ತಟ್ಟುತ್ತದೆ, ಆರಿಫ್ ಮಾರ್ಡಿನ್ ಹೊಂದಿಸಿದ ಹಿತ್ತಾಳೆ ವಾದ್ಯಗಳು ಅದರ ಮೇಲೆ ಬೇರೆಯಾಗಿ, ಚೂಪಾಗಿ ನಿಲ್ಲುತ್ತವೆ. ತಂಡದ ಬೇಸ್ ವಾದಕ ಜಾನ್ ಡೀಕನ್ ಬರೆದ ‘ಬ್ಯಾಕ್ ಚಾಟ್’ ಇನ್ನೂ ಚೆನ್ನಾಗಿದೆ. ರಿದಮ್ ಗಿಟಾರ್‌ನ ಒಂದೊಂದು ಗೀರೂ ಕೇಳುತ್ತದೆ, ನಡುವೆ ಗಿಟಾರ್ ವಾದಕ ಬ್ರಯಾನ್ ಮೇ ಸೋಲೊ ಬಂದಾಗ ಮೈ ಜುಮ್ ಅನ್ನುತ್ತದೆ.

ಎಲ್ಲ ಹಾಡೂ ಹೀಗಿಲ್ಲ. ‘ಪುಟ್ ಔಟ್ ದ ಫೈರ್’ ಮೊದಲೇ ಗಟ್ಟಿ ರಾಕ್, ಇಲ್ಲಿ ಸದ್ದು ಇನ್ನೂ ಏರಿ, ಡ್ರಮ್ಸ್‌ಗೆ ಉಸಿರಾಡಲು ಜಾಗ ಸಾಲದು ಅನಿಸಿತು. ಗಾಯಕ ಡೇವಿಡ್ ಬೋವಿ ಜೊತೆಗಿನ ‘ಅಂಡರ್ ಪ್ರೆಶರ್’ನಲ್ಲಿ ನನಗೆ ಹೇಳಿಕೊಳ್ಳುವಂಥ ಬದಲಾವಣೆ ಕಾಣಲಿಲ್ಲ.

ಒಂದು ವಿಷಯ ನೇರವಾಗಿ ಹೇಳುತ್ತೇನೆ. ಈ ಸುಖ ಬಂದಿರುವುದು ಮಾಸ್ಟರಿಂಗ್‌ನಿಂದ, 24, 96 ಅನ್ನೋ ದೊಡ್ಡ ಸಂಖ್ಯೆಗಳಿಂದ ಅಲ್ಲ. ಇದೇ ಫೈಲನ್ನು ಸಿಡಿಯ ಮಟ್ಟಕ್ಕೆ, ಅಂದರೆ 16 ಬಿಟ್, 44.1 ಕಿಲೋಹರ್ಟ್ಸ್‌ಗೆ ಇಳಿಸಿ, ವಾಲ್ಯೂಮ್ ಸಮ ಮಾಡಿ, ಯಾವುದು ಯಾವುದು ಅಂತ ನೋಡದೆ ಕೇಳಿದೆ. ಗುರುತಿಸಲು ಆಗಲಿಲ್ಲ. 2011ರ ಸಿಡಿ ನಿಮ್ಮ ಹತ್ತಿರ ಇದ್ದರೆ ಸುಮ್ನೆ ಮತ್ತೆ ದುಡ್ಡು ಹಾಕಬೇಡಿ. ಅದಕ್ಕೂ ಹಳೆಯ ಸಿಡಿ ಮಾತ್ರ ಇದ್ದರೆ ಧೈರ್ಯವಾಗಿ ತಗೊಳ್ಳಿ.

ತಗೊಂಡ ಮೇಲೆ ಮೊದಲು ‘ಕೂಲ್ ಕ್ಯಾಟ್’ ಹಾಕಿ, ಹೆಡ್‌ಫೋನ್‌ನಲ್ಲಿ, ವಾಲ್ಯೂಮ್ ಕಡಿಮೆ ಇಟ್ಟು. ಬೋವಿ ಇದಕ್ಕೂ ಹಿನ್ನೆಲೆಯಲ್ಲಿ ಹಾಡಿದ್ದರು, ಆಮೇಲೆ ಅವರೇ ಬೇಡ ಅಂದಿದ್ದಕ್ಕೆ ತೆಗೆದರು. ಉಳಿದದ್ದು ಡೀಕನ್ ಅವರ ಮೆತ್ತನೆಯ ಬೇಸ್, ಅದರ ಮೇಲೆ ತೇಲುವ ಫ್ರೆಡ್ಡಿಯ ತೆಳು ಮೇಲ್ದನಿ.